ಮಾಲೇಗಾಂವ್ ಎಂದರೆ ಬಾಂಬು ಮಾತ್ರವೇ?

ಮಹಾರಾಷ್ಟ್ರದ ನಾಸಿಕ್ ಜಿಲ್ಲೆಯ ಮಾಲೇಗಾಂವ್ ನಮ್ಮ ಮಾಧ್ಯಮಗಳಿಗೆ ನೆನಪಾಗುವುದು ಎರಡೇ ಕಾರಣಕ್ಕೆ: 2006ರ ಸ್ಫೋಟ ಮತ್ತು 2008ರ ಸ್ಫೋಟ. 2006ರ ಸ್ಫೋಟ ನಡೆದದ್ದು ಶಬೇ ಬರಾಅತ್‌ನ ಶುಕ್ರವಾರ. ಸತ್ತವರು ಮುಸ್ಲಿಮರು, ಮೊದಲು ಬಂಧಿಸಲ್ಪಟ್ಟವರೂ ಮುಸ್ಲಿಮರೇ. ಹೀಗೆ ಬಂಧಿತರಾದವರನ್ನು 2016ರಲ್ಲಿ ನ್ಯಾಯಾಲಯ ಆರೋಪಮುಕ್ತಗೊಳಿಸಿತು. ಬಂಧನಕ್ಕೆ ಮುಖಪುಟ ಮೀಸಲಿಟ್ಟವರಲ್ಲಿ ಎಷ್ಟು ಮಂದಿ ಈ ಸುದ್ದಿಗೂ ಅಷ್ಟೇ ಜಾಗ ಕೊಟ್ಟರು?

ಆ ಊರಿನಲ್ಲಿ ದುಡಿದು ತಿನ್ನುವ, ನಗುವ ಜನರಿದ್ದಾರೆ ಎಂದು ತೋರಿಸಿದವರು ಫೈಝಾ ಅಹ್ಮದ್ ಖಾನ್. 2008ರ ಅವರ ಸಾಕ್ಷ್ಯಚಿತ್ರ 'ಸೂಪರ್‌ಮೆನ್ ಆಫ್ ಮಾಲೇಗಾಂವ್'ನಲ್ಲಿ ವಾರವಿಡೀ ವಿದ್ಯುತ್ ಮಗ್ಗದ ಗದ್ದಲದಲ್ಲಿ ದುಡಿದು ಶುಕ್ರವಾರದ ರಜೆಗೆ ಸಿನಿಮಾ ನೋಡುವ ಕೂಲಿಕಾರರಿದ್ದಾರೆ. ಅವರಿಗಾಗಿಯೇ ಶೇಖ್ ನಾಸಿರ್ ಮತ್ತು ಗೆಳೆಯರು ಅಣಕು ಚಿತ್ರಗಳನ್ನು ತೆಗೆಯುತ್ತಾರೆ. ಸೈಕಲ್ಲೇ ಟ್ರಾಲಿ, ಎತ್ತಿನಗಾಡಿಯೇ ಕ್ರೇನ್. ಲೋಕ ಕಾಯುವ ಸೂಪರ್‌ಮ್ಯಾನ್ ಆದವನು ಕಡ್ಡಿಯಂತಹ ಮೈಯ ಮಗ್ಗದ ಕೆಲಸಗಾರ ಶಫೀಕ್.

ಇದನ್ನು ಬಡವರ ತಮಾಷೆಯೆಂದು ನೋಡಿ ಮರೆಯುವವರಿದ್ದಾರೆ. ಅವರಿಗೆ ನಮ್ಮದೊಂದು ಮಾತು: ಈ ಚಿತ್ರದಲ್ಲಿ ಬಡವರು ನಗೆಪಾಟಲಾಗುವುದಿಲ್ಲ. ಕೋಟಿಗಟ್ಟಲೆ ಸುರಿದು ಮಾಡಿದ ಸೂಪರ್‌ಮ್ಯಾನ್‌ನನ್ನು ಅವರೇ ನಗೆಪಾಟಲು ಮಾಡುತ್ತಾರೆ. ಸ್ಫೋಟಗಳನ್ನೇ ಏಕೆ ತೋರಿಸಲಿಲ್ಲ ಎನ್ನುವವರಿಗೂ ನಮ್ಮ ಉತ್ತರ ಇದೇ. ಮುಸ್ಲಿಮನನ್ನು ಆರೋಪಿಯಾಗಿ ಅಥವಾ ಸಂತ್ರಸ್ತನಾಗಿ ಮಾತ್ರ ನೋಡಿ ರೂಢಿಯಾದ ಕಣ್ಣಿಗೆ ಅವನ ನಗು ಅಪ್ರಸ್ತುತವಾಗಿ ಕಾಣುತ್ತದೆ. ದೋಷವಿರುವುದು ಕಣ್ಣಿನಲ್ಲಿ.

ಸಿನಿಮಾದ ಹುಚ್ಚಿನಿಂದ ಹುಡುಗರು ಕೆಡುತ್ತಾರೆಂದು ಗದರುವ ನಮ್ಮ ಹಿರಿಯರಿಗೂ ಹೇಳುವುದಿದೆ. ದಣಿದವನ ಒಂದು ದಿನದ ಸಂತೋಷವನ್ನು ಪ್ರಶ್ನಿಸುವ ಮೊದಲು, ಉಳಿದ ಆರು ದಿನ ಅವನ ಶ್ವಾಸಕೋಶಕ್ಕೆ ಹತ್ತಿಯ ದೂಳು ತುಂಬುವವರನ್ನು ಪ್ರಶ್ನಿಸೋಣ. ಊರಿನ ಹೆಣ್ಣುಮಕ್ಕಳು ನಟಿಸದ ಕಾರಣ ನಾಯಕಿಯನ್ನು ಹೊರಗಿನಿಂದ ಕರೆತರಬೇಕಾಗುವುದನ್ನೂ ಚಿತ್ರ ಮುಚ್ಚಿಡುವುದಿಲ್ಲ. ಆ ಊರಿನ ಕನಸಿನಲ್ಲಿ ಅರ್ಧದಷ್ಟು ಜನರಿಗೆ ಪಾತ್ರವೇ ಇಲ್ಲವೇಕೆ? ಈ ಪ್ರಶ್ನೆಯಿಂದ ನಾವೂ ನುಣುಚಿಕೊಳ್ಳಬಾರದು.

2012ರಲ್ಲಿ ಸಾಕ್ಷ್ಯಚಿತ್ರ ಚಿತ್ರಮಂದಿರಗಳಿಗೆ ಬಂತು. ಅದನ್ನು ನೋಡಲು ಶಫೀಕ್ ಇರಲಿಲ್ಲ. 2011ರಲ್ಲೇ ಕ್ಯಾನ್ಸರ್ ಅವರನ್ನು ಬಲಿ ತೆಗೆದುಕೊಂಡಿತ್ತು. ಈ ಗೆಳೆಯರ ಬದುಕನ್ನು ಆಧರಿಸಿ ರೀಮಾ ಕಾಗ್ತಿ ನಿರ್ದೇಶಿಸಿದ 'ಸೂಪರ್‌ಬಾಯ್ಸ್ ಆಫ್ ಮಾಲೇಗಾಂವ್' ಎಂಬ ಹಿಂದಿ ಚಿತ್ರ 2025ರಲ್ಲಿ ತೆರೆಕಂಡಿತು. ಅವರ ಕಥೆಗೆ ಮಾರುಕಟ್ಟೆ ಸಿಕ್ಕಿದೆ, ಸಂತೋಷ. ಆದರೆ ಅವರ ಕೂಲಿಯ ಬಗ್ಗೆ, ಕಾಯಿಲೆಯ ಬಗ್ಗೆ ಮಾತನಾಡುವವರು ಯಾರು?

ನಮ್ಮಲ್ಲಿಯೂ ಶಿಡ್ಲಘಟ್ಟದಲ್ಲಿ ಬಿಸಿನೀರಿಗೆ ಕೈಯೊಡ್ಡಿ ರೇಷ್ಮೆ ನೂಲು ಬಿಚ್ಚುವವರಿದ್ದಾರೆ, ಚನ್ನಪಟ್ಟಣದಲ್ಲಿ ಬೊಂಬೆ ಕಡೆಯುವವರಿದ್ದಾರೆ, ಕರಾವಳಿಯ ಮನೆಗಳಲ್ಲಿ ಬೀಡಿ ಕಟ್ಟುವ ತಾಯಂದಿರಿದ್ದಾರೆ. ಗಲಭೆಯಾದ ದಿನ ಮಾತ್ರ ಅವರ ಓಣಿಗೆ ಕ್ಯಾಮೆರಾ ಹೊತ್ತು ಬರುವವರು, ಗಲಭೆಯಿಲ್ಲದ ದಿನವೂ ಒಮ್ಮೆ ಬರಲಿ. ಆ ಓಣಿಯ ಮಕ್ಕಳೂ ಯಾರಿಗಾಗಿಯೂ ಕಾಯದೆ ತಾವೇ ಕ್ಯಾಮೆರಾ ಹಿಡಿಯಲಿ.