ಕಾಣೆಯಾದ ಕಡತವೂ ನಮ್ಮ ಕರ್ತವ್ಯವೂ

೧೯೮೨ರಲ್ಲಿ ಹೊರಬಂದ ಆಟೋಕ್ಯಾಡ್ ಇಂದು ನಕ್ಷೆ ಕಲಿಯುವ ವಿದ್ಯಾರ್ಥಿಗಳಿಗೆ ಸುಪರಿಚಿತ. ವಿಂಡೋಸ್ ಗಣಕಯಂತ್ರದಲ್ಲಿ ಇಂಥ ತಂತ್ರಾಂಶಗಳು ‘ಡಿ.ಎಲ್.ಎಲ್.’ ಎಂಬ ಸಾಮಾನ್ಯ ಕಡತಗಳನ್ನು ಆಶ್ರಯಿಸುತ್ತವೆ. ಊರ ಬಾವಿಯಂತೆ ಒಂದೇ ಕಡತ ಹಲವು ತಂತ್ರಾಂಶಗಳಿಗೆ ಆಧಾರ. ಅದು ಇಲ್ಲವಾದರೆ ನಂಬಿದವೆಲ್ಲ ನಿಲ್ಲುತ್ತವೆ. ಆಗ ‘ಎಂಎಸ್‌ವಿಸಿಪಿ೧೪೦ ಸಿಗಲಿಲ್ಲ’ ಎಂಬಂಥ ಸೂಚನೆ ತೆರೆಯ ಮೇಲೆ ಮೂಡುತ್ತದೆ.

ಅವಸರಪಟ್ಟು ಆ ಒಂದು ಕಡತವನ್ನು ಅಪರಿಚಿತ ತಾಣದಿಂದ ತರುವುದು ಅಪಾಯಕರ. ಅದರೊಡನೆ ವೈರಸ್ ಬರಬಹುದು, ಆವೃತ್ತಿ ಹೊಂದದೆ ಹೋಗಬಹುದು. ಮೈಕ್ರೋಸಾಫ್ಟ್ ಉಚಿತವಾಗಿ ನೀಡುವ ವಿಷುಯಲ್ ಸಿ ಪ್ಲಸ್ ಪ್ಲಸ್ ಕಡತಗಳ ಕಟ್ಟನ್ನೇ ಮರುಸ್ಥಾಪಿಸುವುದು ಸರಿಯಾದ ಮಾರ್ಗ.

ದಾನಿಗಳಿತ್ತ ಯಂತ್ರಗಳಲ್ಲಿ ಮಕ್ಕಳ ವರ್ಷದ ಶ್ರಮ ಅಡಗಿರುತ್ತದೆ. ಆದುದರಿಂದ ನಕ್ಷೆಯೊಡನೆ ದುರಸ್ತಿಯ ಈ ವಿವೇಕವನ್ನೂ ಕಲಿಸುವುದು ಶಿಕ್ಷಕರ ಕರ್ತವ್ಯವೆಂಬುದು ನನ್ನ ನಮ್ರ ಅಭಿಪ್ರಾಯ.