ಕರ್ಪೂರ ಮೂಸಿದರೆ ಆಕ್ಸಿಜನ್ ಹೆಚ್ಚುತ್ತದೆಯೇ? ಸಿಯಾಚಿನ್ ಹೇಳುವ ಸತ್ಯ

‘ಎತ್ತರದ ಪರ್ವತಕ್ಕೆ ಹೋಗುವಾಗ ಜೇಬಿನಲ್ಲಿ ಕರ್ಪೂರ ಇರಲಿ, ಮೂಸಿದರೆ ಆಕ್ಸಿಜನ್ ಹೆಚ್ಚುತ್ತದೆ.’ ಅಮರನಾಥ, ಕೇದಾರನಾಥ ಯಾತ್ರೆಗೆ ಹೊರಟವರ ಮೊಬೈಲ್‌ಗೆ ಇಂಥ ಮೆಸೇಜ್ ಬಂದಿರಬಹುದು. ‘ಹಿಮದಲ್ಲಿ ರಮ್ ಕುಡಿದರೆ ಮೈ ಬೆಚ್ಚಗಿರುತ್ತದೆ’ ಎಂಬುದು ಇನ್ನೊಂದು. ಎರಡೂ ತಪ್ಪು. ನಂಬಿದರೆ ಜೀವಕ್ಕೇ ಅಪಾಯ. ಯಾಕೆ ಎಂಬುದಕ್ಕೆ ಸಿಯಾಚಿನ್‌ಗಿಂತ ಒಳ್ಳೆಯ ಉದಾಹರಣೆ ಇಲ್ಲ.

ಸಿಯಾಚಿನ್ ಎಂದರೇನು?

ಲಡಾಖ್‌ನ ಕಾರಾಕೋರಂ ಪರ್ವತಗಳ ನಡುವೆ ಸುಮಾರು 76 ಕಿ.ಮೀ. ಉದ್ದಕ್ಕೆ ಚಾಚಿರುವ ಹಿಮನದಿ ಇದು. ಮಂಜುಗಡ್ಡೆ ತನ್ನದೇ ಭಾರಕ್ಕೆ ನಿಧಾನವಾಗಿ ಕೆಳಕ್ಕೆ ಸರಿಯುತ್ತದೆ. ಕರಗಿದ ನೀರು ನುಬ್ರಾ ನದಿಯಾಗಿ, ಶ್ಯೋಕ್ ಸೇರಿ, ಕೊನೆಗೆ ಸಿಂಧೂ ನದಿಗೆ ಹೋಗುತ್ತದೆ. ಹಿಮನದಿಯ ಪಶ್ಚಿಮಕ್ಕೆ ಸಾಲ್ಟೊರೊ ಪರ್ವತಸಾಲು ಇದೆ. 1984ರ ಏಪ್ರಿಲ್‌ನ ‘ಆಪರೇಷನ್ ಮೇಘದೂತ್’ ನಂತರ ನಮ್ಮ ಸೈನಿಕರು ಕಾವಲಿರುವುದು ಈ ಸಾಲಿನ ಮೇಲೆ.

ಸೂರ್ಯನಿಗೆ ಹತ್ತಿರ, ಆದರೂ ಚಳಿ ಯಾಕೆ?

ಸೂರ್ಯ ಇರುವುದು ಸುಮಾರು 15 ಕೋಟಿ ಕಿ.ಮೀ. ದೂರದಲ್ಲಿ. ಆರು ಕಿ.ಮೀ. ಮೇಲೇರಿದರೆ ಏನೂ ವ್ಯತ್ಯಾಸವಾಗದು. ಬಿಸಿಲಿಗೆ ಮೊದಲು ನೆಲ ಕಾಯುತ್ತದೆ, ನೆಲದಿಂದ ಗಾಳಿ ಬಿಸಿಯಾಗುತ್ತದೆ. ಆ ಗಾಳಿ ಮೇಲೇರಿದಂತೆ ಹಿಗ್ಗಿ ತಣ್ಣಗಾಗುತ್ತದೆ. ಪ್ರತಿ ಕಿ.ಮೀ. ಎತ್ತರಕ್ಕೆ ಸರಾಸರಿ 6.5 ಡಿಗ್ರಿ ಉಷ್ಣಾಂಶ ಇಳಿಯುತ್ತದೆ.

ಕೂಡಲಸಂಗಮ ಸಮುದ್ರಮಟ್ಟದಿಂದ ಸುಮಾರು 500 ಮೀಟರ್ ಎತ್ತರದಲ್ಲಿದೆ. ಜನವರಿಯ ಮಧ್ಯಾಹ್ನ ಅಲ್ಲಿ 30 ಡಿಗ್ರಿ ಇದೆ ಎನ್ನಿ. ಅದೇ ಜಾಗ 6,000 ಮೀಟರ್ ಎತ್ತರದಲ್ಲಿದ್ದಿದ್ದರೆ ಮೈನಸ್ 6 ಡಿಗ್ರಿ ಆಗಿರುತ್ತಿತ್ತು. ಸಿಯಾಚಿನ್ ನಮಗಿಂತ ಬಹಳ ಉತ್ತರಕ್ಕೂ ಇದೆ. ಹಾಗಾಗಿ ಅಲ್ಲಿ ಚಳಿಗಾಲದ ರಾತ್ರಿ ಮೈನಸ್ 40ಕ್ಕೂ ಕೆಳಗಿಳಿಯುತ್ತದೆ.

ಗಾಳಿಯಲ್ಲಿ ಆಕ್ಸಿಜನ್ ಇರುವುದಿಲ್ಲವೇ?

ಇರುತ್ತದೆ. ಬಾಗಲಕೋಟೆಯಲ್ಲೂ ಸಿಯಾಚಿನ್‌ನಲ್ಲೂ ಗಾಳಿಯಲ್ಲಿ ಆಕ್ಸಿಜನ್ ಪಾಲು ಶೇ 21. ಆದರೆ 6,000 ಮೀಟರ್‌ನಲ್ಲಿ ಗಾಳಿಯ ಒತ್ತಡ ಸಮುದ್ರಮಟ್ಟದ ಅರ್ಧಕ್ಕಿಂತ ಕಡಿಮೆ. ಒಂದು ಉಸಿರಿಗೆ ಸಿಗುವ ಆಕ್ಸಿಜನ್ ಕೂಡ ಅಷ್ಟೇ. ಕರ್ಪೂರದ ವಾಸನೆ ಮೂಗಿನ ನರಗಳಿಗೆ ತಂಪು ತಾಗಿಸಿ ‘ಉಸಿರು ಸಲೀಸಾಯಿತು’ ಅನ್ನಿಸುತ್ತದೆ. ರಕ್ತದಲ್ಲಿ ಆಕ್ಸಿಜನ್ ಏರುವುದಿಲ್ಲ. ರಮ್ ಕುಡಿದರೆ ಚರ್ಮದ ರಕ್ತನಾಳಗಳು ಹಿಗ್ಗಿ ಬೆಚ್ಚಗೆನಿಸುತ್ತದೆ, ಆದರೆ ದೇಹದ ಒಳಗಿನ ಶಾಖ ಹೊರಗೆ ಹೋಗುತ್ತದೆ.

ಹನುಮಂತಪ್ಪ ಬದುಕಿದ್ದು ಹೇಗೆ?

2016ರ ಫೆಬ್ರುವರಿ 3ರಂದು ಸುಮಾರು 19,600 ಅಡಿ ಎತ್ತರದ ಠಾಣೆಯ ಮೇಲೆ ಹಿಮ ಕುಸಿದು ಮದ್ರಾಸ್ ರೆಜಿಮೆಂಟಿನ ಹತ್ತು ಯೋಧರು ಹೂತುಹೋದರು. ಅವರಲ್ಲಿ ಧಾರವಾಡ ಜಿಲ್ಲೆ ಬೆಟದೂರಿನ ಲಾನ್ಸ್ ನಾಯಕ್ ಹನುಮಂತಪ್ಪ ಕೊಪ್ಪದ ಒಬ್ಬರೇ ಆರನೇ ದಿನ ಜೀವಂತ ಸಿಕ್ಕರು. ಟೆಂಟಿನೊಳಗೆ ಸ್ವಲ್ಪ ಗಾಳಿ ಉಳಿದಿದ್ದು ಅವರಿಗೆ ನೆರವಾಯಿತು ಎಂದು ಆಗ ವರದಿಯಾಗಿತ್ತು. ಆದರೆ ಅಷ್ಟರಲ್ಲಿ ಮೂತ್ರಪಿಂಡ, ಯಕೃತ್ತು ಸೋತಿದ್ದವು. ಫೆಬ್ರುವರಿ 11ರಂದು ದೆಹಲಿಯ ಸೇನಾ ಆಸ್ಪತ್ರೆಯಲ್ಲಿ ಅವರು ಕೊನೆಯುಸಿರೆಳೆದರು. ತರಬೇತಿ ಪಡೆದ ಗಟ್ಟಿ ದೇಹವನ್ನೂ ಆ ಎತ್ತರ ಬಿಡಲಿಲ್ಲ.

ಹಾಗಾದರೆ ನಾವೇನು ಮಾಡಬೇಕು?

ಸೈನಿಕರನ್ನೂ ನೇರವಾಗಿ ಮೇಲೆ ಕಳಿಸುವುದಿಲ್ಲ. ಹಂತ ಹಂತವಾಗಿ ಎತ್ತರಕ್ಕೆ ದೇಹವನ್ನು ಒಗ್ಗಿಸುತ್ತಾರೆ. ಅಮರನಾಥ ಗುಹೆ ಸುಮಾರು 3,900 ಮೀಟರ್, ಕೇದಾರನಾಥ 3,580 ಮೀಟರ್, ಲೇಹ್ 3,500 ಮೀಟರ್ ಎತ್ತರದಲ್ಲಿವೆ. ವಿಮಾನದಲ್ಲಿ ಲೇಹ್‌ಗೆ ಇಳಿದರೆ ಮೊದಲ ಎರಡು ದಿನ ವಿಶ್ರಾಂತಿ ಪಡೆಯಿರಿ. ಹೃದಯ, ಶ್ವಾಸಕೋಶದ ತೊಂದರೆ ಇದ್ದವರು ಹೊರಡುವ ಮೊದಲೇ ವೈದ್ಯರನ್ನು ಕಾಣಿ.

ಕುಳಿತಲ್ಲೇ ಏದುಸಿರು, ಬಿಡದ ಕೆಮ್ಮು, ನಡೆಯುವಾಗ ತೂರಾಟ, ಮಾತಿನಲ್ಲಿ ಗೊಂದಲ ಕಂಡರೆ ಬೆಳಗಾಗಲಿ ಎಂದು ಕಾಯಬೇಡಿ. ಆಕ್ಸಿಜನ್ ಕೊಡಿಸಿ, ತಕ್ಷಣ ಕೆಳಗೆ ಇಳಿಸಿ. ಕರ್ಪೂರದ ಮೆಸೇಜ್ ಮತ್ತೆ ಬಂದರೆ ಫಾರ್ವರ್ಡ್ ಮಾಡುವ ಬದಲು ಈ ಎರಡು ಸಾಲು ಕಳಿಸಿ.