ಪತಾಕ ಯಾರದು?

ಪ್ರತಿ ವರ್ಷ ಈ ಪುಸ್ತಿಕೆಯಲ್ಲಿ ವೀಸಾ ಬಗ್ಗೆ ಒಂದು ಲೇಖನ ಇದ್ದೇ ಇರುತ್ತದೆ. ಓಪಿಟಿಗೆ ಯಾವಾಗ ಅರ್ಜಿ ಹಾಕಬೇಕು, ಇಎಡಿ ಕಾರ್ಡು ಅಂಚೆಯಲ್ಲಿ ಕಳೆದುಹೋದರೆ ಏನು ಮಾಡಬೇಕು, ಹಳೇ ಐ-20 ಪ್ರತಿಗಳನ್ನು ಯಾಕೆ ಬಿಸಾಡಬಾರದು ಇತ್ಯಾದಿ. ಅದೆಲ್ಲ ಬೇಕಾದದ್ದೇ. ಈ ಸಲ ಆ ಕೆಲಸ ನಮ್ಮ ಕೊರಳಿಗೆ ಬಿದ್ದಾಗ, ಸ್ವಲ್ಪ ಬೇರೆ ಕಡೆಯಿಂದ ಬರೆಯುತ್ತೇವೆ ಅಂತ ಹೇಳಿಯೇ ಒಪ್ಪಿಕೊಂಡೆವು. ನಾವು ಮೂವರು ಮಸ್ಕತ್ತಿನ ರೂವಿಯಲ್ಲಿ ಬೆಳೆದವರು. ಕೆಲಸದ ಕಾರ್ಡು ಅಂದರೆ ನಮಗೆ ಮೊದಲು ನೆನಪಾಗುವುದು ಇಎಡಿ ಅಲ್ಲ. ನಮ್ಮ ಅಪ್ಪಂದಿರ ಶರ್ಟಿನ ಜೇಬಿನಲ್ಲಿ ಇರುತ್ತಿದ್ದ ಪತಾಕ.

ಅರಬ್ಬಿಯಲ್ಲಿ ಕಾರ್ಡಿಗೆ ಬಿತಾಕಾ ಅನ್ನುತ್ತಾರೆ. ನಮ್ಮವರ ಬಾಯಲ್ಲಿ ಅದು ಬತಾಕ ಆಯಿತು, ಪತಾಕ ಆಯಿತು. ಚಿಕ್ಕವರಿದ್ದಾಗ ನಾವು ಅದಕ್ಕೂ ಬಾವುಟಕ್ಕೂ ಏನೋ ಸಂಬಂಧ ಇದೆ ಅಂದುಕೊಂಡಿದ್ದೆವು. ಹೆಸರೇನೇ ಇರಲಿ, ಅದು ರಾಯಲ್ ಒಮಾನ್ ಪೊಲೀಸ್ ಕೊಡುವ ರೆಸಿಡೆಂಟ್ ಕಾರ್ಡು. ಅದರಲ್ಲಿ ಒಂದು ಸಿವಿಲ್ ನಂಬರ್, ಒಂದು ಚಿಪ್ಪು, ಫೋಟೊ. ಅದು ಇದ್ದರೆ ಬ್ಯಾಂಕು, ಸಿಮ್, ಲೈಸೆನ್ಸು, ಮನಿ ಎಕ್ಸ್‌ಚೇಂಜಿನಿಂದ ಊರಿಗೆ ದುಡ್ಡು, ಏರ್‌ಪೋರ್ಟಿನಲ್ಲಿ ಇ-ಗೇಟು. ಈಚಿನ ವರ್ಷಗಳಲ್ಲಿ ಪಾಸ್‌ಪೋರ್ಟಿನೊಳಗೆ ರೆಸಿಡೆನ್ಸ್ ವೀಸಾ ಅಂಟಿಸುವುದೂ ನಿಂತಿದೆ. ಅಂದರೆ ಒಬ್ಬ ಮನುಷ್ಯ ಆ ದೇಶದಲ್ಲಿ ಸರಿಯಾದ ದಾರಿಯಲ್ಲಿ ಇದ್ದಾನೆ ಅನ್ನುವುದಕ್ಕೆ ಅವನ ಕೈಯಲ್ಲಿರುವ ಸಾಕ್ಷಿ ಆ ಪ್ಲಾಸ್ಟಿಕ್ ಚೂರು ಒಂದೇ.

ರೂವಿ ನೋಡದವರಿಗೆ ಒಂದು ಮಾತು. ದುಬೈ ಫೋಟೊಗಳನ್ನು ಮನಸ್ಸಿನಿಂದ ತೆಗೆದುಬಿಡಿ. ಸುತ್ತ ಬೋಳು ಕಲ್ಲುಗುಡ್ಡ, ನಡುವೆ ಒತ್ತಿಕೊಂಡ ಪೇಟೆ. ಒಂದು ಕಡೆ ಬ್ಯಾಂಕುಗಳ ದೊಡ್ಡ ಕಟ್ಟಡಗಳು ಮತ್ತು ಬೈತ್ ಅಲ್ ಫಲಜ್ ಕೋಟೆ, ಇನ್ನೊಂದು ಕಡೆ ರೂವಿ ಹೈ ಸ್ಟ್ರೀಟ್: ಚಿನ್ನದಂಗಡಿ, ಟೈಲರ್ ಅಂಗಡಿ, ಮೊಬೈಲ್ ಅಂಗಡಿ, ಎಕ್ಸ್‌ಚೇಂಜು, ಟೈಪಿಂಗ್ ಸೆಂಟರು. ಪಕ್ಕದಲ್ಲೇ ಹಮ್ರಿಯಾ, ವಾದಿ ಕಬೀರ್, ದಾರ್ಸೈಟ್. ಒಮಾನ್‌ನಲ್ಲಿ ಭಾರತೀಯರು ಸುಮಾರು ಏಳು ಲಕ್ಷ ಇದ್ದಾರೆ ಅನ್ನುತ್ತಾರೆ; ಶುಕ್ರವಾರ ಸಂಜೆ ಹೈ ಸ್ಟ್ರೀಟಿನಲ್ಲಿ ನಿಂತರೆ ಅಷ್ಟೂ ಜನ ಅಲ್ಲೇ ಇದ್ದಾರೆ ಅನ್ನಿಸುತ್ತದೆ. ಆ ಗದ್ದಲದಲ್ಲಿ ಕಿವಿಗೊಟ್ಟರೆ ತುಳು ಕೇಳುತ್ತದೆ, ಬ್ಯಾರಿ ಕೇಳುತ್ತದೆ, ಕೊಂಕಣಿ, ಭಟ್ಕಳದ ನವಾಯತಿ, ಕುಂದಾಪುರದ ಕನ್ನಡ, ಕಾಸರಗೋಡಿನವರ ಮಲಯಾಳ ಬೆರೆತ ಕನ್ನಡ ಎಲ್ಲ ಕೇಳುತ್ತದೆ.

ಈ ಜನರಲ್ಲಿ ಹೆಚ್ಚಿನವರ ಕೆಲಸ ಕಾರ್ಡನ್ನು ಜೋಪಾನ ಮಾಡುವಂಥ ಕೆಲಸ ಅಲ್ಲ. ಬೇಸಿಗೆಯಲ್ಲಿ ಸೈಟಿನಲ್ಲಿ ಬೆವರಿ ಪರ್ಸು ಒದ್ದೆಯಾಗುತ್ತದೆ. ಹಿಂದಿನ ಜೇಬಿನಲ್ಲಿಟ್ಟು ಪಿಕಪ್ಪಿನಲ್ಲಿ ಕೂತರೆ ಕಾರ್ಡು ಬಾಗುತ್ತದೆ, ಒಂದು ದಿನ ಚಟಕ್ ಅನ್ನುತ್ತದೆ. ಡ್ಯಾಶ್‌ಬೋರ್ಡಿನ ಮೇಲೆ ಮರೆತರೆ ಆ ಬಿಸಿಲಿಗೆ ಹಪ್ಪಳದ ಹಾಗೆ ಏಳುತ್ತದೆ. ಒಂದು ರೂಮಿನಲ್ಲಿ ಎಂಟು ಜನ ಇರುವ ಕಡೆ ಪ್ಯಾಂಟಿನ ಜೊತೆ ವಾಷಿಂಗ್ ಮೆಷಿನ್ನಿಗೆ ಹೋದ ಕಾರ್ಡುಗಳಿಗೆ ಲೆಕ್ಕವಿಲ್ಲ. ಕಣ್ಣಿಗೆ ಚೆನ್ನಾಗಿಯೇ ಕಾಣುವ ಕಾರ್ಡಿನ ಚಿಪ್ಪು ಸತ್ತುಹೋಗಿರುವುದೂ ಉಂಟು. ಎಕ್ಸ್‌ಚೇಂಜಿನ ಕೌಂಟರಿನಲ್ಲಿ ಮೆಷಿನ್ ಓದದೇ ಇದ್ದಾಗಲೇ ಅದು ಗೊತ್ತಾಗುವುದು.

ಕಳೆದರೆ ಅಥವಾ ಹಾಳಾದರೆ ಹೊಸದಕ್ಕೆ 20 ರಿಯಾಲ್. 2025ರಲ್ಲಿ ನಿಯಮಗಳಿಗೆ ತಿದ್ದುಪಡಿ ಆದ ಮೇಲೆ ಕಾರ್ಡನ್ನು ಮೂರು ವರ್ಷದವರೆಗೂ ಕೊಡುತ್ತಾರೆ. ವರ್ಷಕ್ಕೆ 5 ರಿಯಾಲ್ ಲೆಕ್ಕದಲ್ಲಿ ಮೂರು ವರ್ಷಕ್ಕೆ 15. ಅಂದರೆ ಮೂರು ವರ್ಷದ ಕಾರ್ಡಿಗಿಂತ ಕಳೆದುಕೊಂಡ ಕಾರ್ಡು ದುಬಾರಿ. ಒಂದು ರಿಯಾಲಿಗೆ ಇನ್ನೂರು ರೂಪಾಯಿಗೂ ಮೇಲೆ. ಊರಿನ ದುಡ್ಡಿನಲ್ಲಿ ನಾಲ್ಕು ಸಾವಿರಕ್ಕೆ ಮಿಕ್ಕಿತು. ನೂರು, ನೂರಿಪ್ಪತ್ತು ರಿಯಾಲ್ ಸಂಬಳದವರಿಗೆ ಇದು ಸಣ್ಣ ಮೊತ್ತ ಅಲ್ಲ. ಆದರೂ ನಮ್ಮ ತಕರಾರು ಈ ಇಪ್ಪತ್ತು ರಿಯಾಲಿನ ಮೇಲೆ ಅಲ್ಲ. ದುಡ್ಡು ಹೇಗೋ ಆಗುತ್ತದೆ. ರೂಮಿನವರು ಸೇರಿಸಿ ಕೊಡುತ್ತಾರೆ, ಚೀಟಿ ಎತ್ತುತ್ತಾರೆ.

ತಕರಾರು ಇರುವುದು ಸೀಲಿನ ಮೇಲೆ.

ನೌಕರ ತಾನೊಬ್ಬನೇ ಹೋಗಿ ‘ನನ್ನ ಕಾರ್ಡು ಕಳೆದಿದೆ, ಇನ್ನೊಂದು ಕೊಡಿ’ ಅಂದರೆ ಸಾಮಾನ್ಯವಾಗಿ ಕೆಲಸ ಆಗುವುದಿಲ್ಲ. ಫಾರ್ಮಿನ ಮೇಲೆ ಕಂಪನಿಯ ಸೀಲು, ಅರ್ಬಾಬನ ಸಹಿ ಬೇಕು. ಅದು ಕೈಗೆ ಬಂದರೆ ಉಳಿದದ್ದು ಹೂವು ಎತ್ತಿದಷ್ಟು ಹಗುರ. ಸನದ್ ಆಫೀಸಿನಲ್ಲಿ ಅರ್ಜಿ ಟೈಪು ಮಾಡಿಸಿ, ಪೊಲೀಸ್ ಕೌಂಟರಿನಲ್ಲಿ ಬೆರಳಚ್ಚು ಕೊಟ್ಟರೆ ಕಾರ್ಡನ್ನು ಅಲ್ಲೇ ಪ್ರಿಂಟು ಮಾಡಿ ಕೊಡುತ್ತಾರೆ. ಇದನ್ನು ಹೊಗಳಲೇಬೇಕು. ನಾವು ಇಲ್ಲಿ ಅಮೆರಿಕದಲ್ಲಿ ಇಎಡಿ ಕಳೆದುಕೊಂಡರೆ ಮತ್ತೆ ಐ-765 ತುಂಬಿ, ಮತ್ತೆ ಫೀಸು ಕಟ್ಟಿ, ತಿಂಗಳುಗಟ್ಟಲೆ ಅಂಚೆ ಡಬ್ಬಿ ನೋಡುತ್ತಾ ಕೂರಬೇಕು. ಅಲ್ಲಿ ಯಂತ್ರಕ್ಕೆ ಬೇಕಾದದ್ದು ಕೆಲವು ನಿಮಿಷ. ಸೀಲಿಗೆ ಮಾತ್ರ ಒಂದು ದಿನವೂ ಆಗಬಹುದು, ಎರಡು ತಿಂಗಳೂ ಆಗಬಹುದು.

ನಮ್ಮ ಬಿಲ್ಡಿಂಗಿನ ಕೆಳಗಿದ್ದ ಟೈಲರ್ ಅಂಗಡಿಯಲ್ಲಿ ಬೈಂದೂರು ಕಡೆಯ ಒಬ್ಬರು ಅಣ್ಣ ಇದ್ದರು. ನಮ್ಮ ಯೂನಿಫಾರ್ಮು ಹೊಲಿದು ಕೊಡುತ್ತಿದ್ದವರು. ಕಾಗದದ ಮೇಲೆ ಅವರು ಟೈಲರ್ ಅಲ್ಲ, ಬೇರೆ ಯಾವುದೋ ಊರಿನ ಒಂದು ಸಣ್ಣ ಸಂಸ್ಥೆಯ ಕೆಲಸದವರು. ‘ಫ್ರೀ ವೀಸಾ’ ಅಂತ ಊರಲ್ಲಿ ಕೊಂಡುಕೊಂಡದ್ದು. ಹೆಸರು ಮಾತ್ರ ಫ್ರೀ, ಪ್ರತಿ ವರ್ಷ ಅದಕ್ಕೆ ದುಡ್ಡು ಕಟ್ಟಬೇಕು. ಅವರ ಕಾರ್ಡು ಮುರಿಯಿತು. ಸೀಲು ಇರುವ ಮನುಷ್ಯನನ್ನು ಅವರು ನೋಡಿದ್ದೇ ಎರಡು ಸಲ. ನಡುವೆ ಒಬ್ಬ ಏಜೆಂಟು. ಅವನು ಇವತ್ತು ನಾಳೆ ಅಂದ, ಆಮೇಲೆ ಐವತ್ತು ರಿಯಾಲ್ ಅಂದ, ಆಮೇಲೆ ಫೋನೇ ಎತ್ತಲಿಲ್ಲ. ಹಾಗೆ ಏಳು ವಾರ. ಆ ಏಳು ವಾರ ಅಣ್ಣ ಅಂಗಡಿ ಬಿಟ್ಟು ಹೆಚ್ಚು ದೂರ ಹೋಗಲಿಲ್ಲ. ತಾಯಿ ಮಣಿಪಾಲದಲ್ಲಿ ಆಸ್ಪತ್ರೆಗೆ ಸೇರಿದ್ದರು. ದುಡ್ಡು ಕಳಿಸಿದ್ದು ಬೇರೆಯವರ ಕಾರ್ಡಿನಲ್ಲಿ, ಬೇರೆಯವರ ಹೆಸರಿನಲ್ಲಿ. ಊರಿಗೆ ಹೋಗಿ ನೋಡಿಕೊಂಡು ಬನ್ನಿ ಅಂದವರಿಗೆ ಅವರು ಹೇಳುತ್ತಿದ್ದದ್ದು ಒಂದೇ: ‘ಹೋಪುದ್ ಹೋಪುಕಾತ್ತ್, ವಾಪಸ್ ಹ್ಯಾಂಗ್ ಬಪ್ಪುದ್ ಮಾರಾಯ್ರೆ?’

ಫ್ರೀ ವೀಸಾದಲ್ಲಿ ಹೋದದ್ದು ಅವರದ್ದೇ ತಪ್ಪಲ್ಲವೇ ಅಂತ ಯಾರಾದರೂ ಕೇಳಬಹುದು. ಕಾನೂನಿನ ಲೆಕ್ಕದಲ್ಲಿ ಹೌದು. ಒಬ್ಬರ ಹೆಸರಿನಲ್ಲಿ ಬಂದು ಇನ್ನೊಬ್ಬರ ಹತ್ತಿರ ದುಡಿಯುವುದು ಅಲ್ಲಿ ಅಪರಾಧ. ಆದರೆ ಆ ವೀಸಾ ಮಾರಿದವನು, ನಡುವೆ ನಿಂತು ತಿಂದವನು, ಅಗ್ಗಕ್ಕೆ ದುಡಿಸಿಕೊಂಡವನು ಮೂವರೂ ಆರಾಮಾಗಿದ್ದಾರೆ. ಕಾರ್ಡು ಮುರಿದದ್ದು ನಾಲ್ಕನೆಯವನದ್ದು. ಮತ್ತೆ, ಸರಿಯಾದ ವೀಸಾದಲ್ಲಿ ಸರಿಯಾದ ಕಂಪನಿಯಲ್ಲಿ ಇರುವವರಿಗೂ ಸೀಲಿನ ಕಾಟ ತಪ್ಪಿದ್ದಲ್ಲ. ರಜೆ ಕೇಳಿದವನ, ಸಂಬಳ ತಡ ಆಯಿತು ಅಂದವನ ಕಾರ್ಡಿನ ಫಾರ್ಮು ಪಿಆರ್‌ಒ ಮೇಜಿನ ಮೇಲೆ ಎಷ್ಟು ದಿನ ಮಲಗುತ್ತದೆ ಅಂತ ಯಾವುದಾದರೂ ಕ್ಯಾಂಪಿಗೆ ಹೋಗಿ ಕೇಳಿ. ಯಾರೂ ‘ಕೊಡುವುದಿಲ್ಲ’ ಅನ್ನುವುದಿಲ್ಲ. ‘ಮುದೀರ್ ಇಲ್ಲ, ಆದಿತ್ಯವಾರ ಬಾ’ ಅನ್ನುತ್ತಾರೆ. ಎಷ್ಟು ಆದಿತ್ಯವಾರ ಅಂತ ಹೇಳುವುದಿಲ್ಲ.

ಎಲ್ಲ ಅರ್ಬಾಬರೂ ಹಾಗೇ ಅಂದರೆ ಅದು ಸುಳ್ಳು. ನಮ್ಮಲ್ಲೊಬ್ಬರ ಅಪ್ಪನ ಕಾರ್ಡು ಕಳೆದಾಗ ಅವರ ಒಮಾನಿ ಮಾಲೀಕರು ತಾವೇ ಕಾರಿನಲ್ಲಿ ಕೂರಿಸಿಕೊಂಡು ಹೋಗಿ, ದುಡ್ಡೂ ಕಟ್ಟಿ, ದಾರಿಯಲ್ಲಿ ಕಡಕ್ ಚಾ ಕುಡಿಸಿ ಮನೆಗೆ ಬಿಟ್ಟಿದ್ದರು. ಇಂಥವರು ಬಹಳ ಇದ್ದಾರೆ. ಆದರೆ ಒಳ್ಳೆಯವರು ಸಿಕ್ಕಿದರೆ ಒಂದು ದಿನ, ಸಿಗದಿದ್ದರೆ ಎರಡು ತಿಂಗಳು ಅನ್ನುವುದೇ ನಮ್ಮ ದೂರು. ಸರ್ಕಾರದ ಕಾಗದ ಸಿಗುವುದು ಬಿಡುವುದು ಯಾರದ್ದೋ ಸ್ವಭಾವದ ಮೇಲೆ ನಿಂತಿರಬಾರದು.

ಇನ್ನೊಂದು ಮಾತು, ಕೆಲವರಿಗೆ ಬೇಸರ ಆಗಬಹುದು. ಆ ಪಿಆರ್‌ಒ ಮೇಜಿನ ಹಿಂದೆ, ಆ ಕ್ಯಾಂಪ್ ಬಾಸ್ ಕುರ್ಚಿಯಲ್ಲಿ ಎಷ್ಟೋ ಸಲ ಕೂತಿರುವುದು ನಮ್ಮವರೇ: ಉಡುಪಿಯವರು, ಮಂಗಳೂರಿನವರು, ಕೇರಳದವರು. ಹೊಸ ಕಾರ್ಡಿನ ಇಪ್ಪತ್ತನ್ನು ಸಂಬಳದಲ್ಲಿ ಮೂವತ್ತು ಮಾಡಿ ಹಿಡಿಯುವವರೂ ನಮ್ಮವರೇ. ಅವರೇ ರಾಜ್ಯೋತ್ಸವದ ದಿನ ಮುಂದಿನ ಸಾಲಿನಲ್ಲಿ ಪೇಟ ಕಟ್ಟಿಸಿಕೊಂಡು ಕೂತಿರುತ್ತಾರೆ. ಒಮಾನಿನ ಕಾನೂನನ್ನು ದೂರುವುದು ನಮಗೆ ಸುಲಭ. ನಮ್ಮ ಊರಿನ ಮ್ಯಾನೇಜರನ್ನು ದೂರುವುದು ಕಷ್ಟ, ಯಾಕೆಂದರೆ ಸಂಘದ ಊಟದ ಸ್ಪಾನ್ಸರ್ ಅವರೇ.

ಒಮಾನ್ ಬದಲಾಗುವುದಿಲ್ಲ ಅನ್ನುವ ಹಾಗೂ ಇಲ್ಲ. ಒಂದು ಕಾಲದಲ್ಲಿ ಎನ್‌ಒಸಿ ಇಲ್ಲದೆ ಕೆಲಸ ಬದಲಾಯಿಸುವ ಹಾಗಿರಲಿಲ್ಲ. ಹಳೇ ಮಾಲೀಕ ಕೊಡದಿದ್ದರೆ ಎರಡು ವರ್ಷ ದೇಶದ ಹೊರಗೆ. 2021ರ ಜನವರಿ 1ರಿಂದ ಅದು ಹೋಯಿತು. ಕರಾರು ಮುಗಿದವರು ಎನ್‌ಒಸಿ ಇಲ್ಲದೆ ಬೇರೆ ಕಡೆ ಸೇರಬಹುದು. 2023ರ ಹೊಸ ಕಾರ್ಮಿಕ ಕಾನೂನು, ನೌಕರನ ಲಿಖಿತ ಒಪ್ಪಿಗೆ ಇಲ್ಲದೆ ಅವನ ಪಾಸ್‌ಪೋರ್ಟನ್ನಾಗಲಿ ಖಾಸಗಿ ದಾಖಲೆಗಳನ್ನಾಗಲಿ ಮಾಲೀಕ ಇಟ್ಟುಕೊಳ್ಳಬಾರದು ಅಂತ ಹೇಳಿತು. 2025ರಲ್ಲಿ ಹಳೇ ದಂಡಗಳನ್ನು ಮನ್ನಾ ಮಾಡಿ ಕಾಗದ ಸರಿಮಾಡಿಕೊಳ್ಳಲು ತಿಂಗಳುಗಟ್ಟಲೆ ಕಾಲಾವಕಾಶ ಕೊಟ್ಟರು, ಅದನ್ನು ಮತ್ತೆ ವಿಸ್ತರಿಸಿದರು. ಅಷ್ಟು ದೂರ ಬಂದವರಿಗೆ ಇನ್ನೊಂದು ಹೆಜ್ಜೆ ಭಾರ ಅಲ್ಲ. ಮೊದಲ ಕಾರ್ಡಿಗೆ ಸ್ಪಾನ್ಸರ್ ಒಪ್ಪಿಗೆ ಬೇಕು, ಸರಿ. ನವೀಕರಣಕ್ಕೂ ಬೇಕು, ಒಪ್ಪೋಣ. ಆದರೆ ಅವಧಿ ಇನ್ನೂ ಇರುವ ಕಾರ್ಡು ಕಳೆದಾಗ, ಮುರಿದಾಗ ಯಾರ ಒಪ್ಪಿಗೆ ಯಾಕೆ? ಅವನು ಅಲ್ಲಿ ಇರಬಹುದು ಅಂತ ಸ್ಪಾನ್ಸರೂ ಸರ್ಕಾರವೂ ಮೊದಲೇ ಹೇಳಿ ಆಗಿದೆ. ಬೆರಳಚ್ಚು ಪೊಲೀಸರ ಹತ್ತಿರ ಇದೆ, ಸಿವಿಲ್ ನಂಬರ್ ಬದಲಾಗುವುದಿಲ್ಲ. ಕೌಂಟರಿನಲ್ಲಿ ಬೆರಳು ಇಟ್ಟರೆ ಸಾಕಾಗಬೇಕು. ಬೇಕಾದರೆ ಸ್ಪಾನ್ಸರಿಗೆ ಒಂದು ಎಸ್ಸೆಮ್ಮೆಸ್ ಹೋಗಲಿ. ಮತ್ತೆ, ಸೈಟಿನ ಕೆಲಸದಲ್ಲಿ ಸವೆದು ಹಾಳಾದ ಕಾರ್ಡಿನ ಖರ್ಚು ಹೆಲ್ಮೆಟ್ಟು, ಶೂಸಿನ ಖರ್ಚಿನ ಹಾಗೆ ಕಂಪನಿಯದ್ದಾಗಬೇಕು.

ಇಎಡಿಗೆ ಕಾದು ಕಾದು ನಾವು ಇಲ್ಲಿ ಎಷ್ಟು ಗೊಣಗಿದರೂ, ಆ ಅರ್ಜಿಯ ಕೆಳಗೆ ಇರುವುದು ನಮ್ಮ ಸಹಿ. ತಪ್ಪು ಅಚ್ಚಾಗಿದ್ದು ಇಲಾಖೆಯಿಂದಲೇ ಆದರೆ ಮತ್ತೆ ಫೀಸೂ ಕೇಳುವುದಿಲ್ಲ. ಬ್ರಿಟನ್ನಿನಲ್ಲಿರುವ ಗೆಳೆಯರಿಗಂತೂ ಪ್ಲಾಸ್ಟಿಕ್ ಕಾರ್ಡೇ ಹೋಗಿ ಇ-ವೀಸಾ ಬಂದಿದೆ. ಕಳೆಯುವುದಕ್ಕೆ ಏನೂ ಇಲ್ಲ. ನಮ್ಮ ಮೂವರ ಪತಾಕವೂ ಹೋಯಿತು, ಅದು ಬೇರೆ ಥರ. ಆರು ತಿಂಗಳಿಗಿಂತ ಹೆಚ್ಚು ಹೊರಗಿದ್ದರೆ ರೆಸಿಡೆನ್ಸಿ ಬಿದ್ದುಹೋಗುವ ನಿಯಮ ಇದೆ. ಇಲ್ಲಿಗೆ ಓದಲು ಬಂದ ಮೊದಲ ವರ್ಷವೇ ನಮ್ಮದು ಬಿತ್ತು. ಈಗ ನಾವು ಬೆಳೆದ ಮನೆಗೆ ವಿಸಿಟ್ ವೀಸಾದಲ್ಲಿ ಹೋಗುತ್ತೇವೆ.

ಕರ್ನಾಟಕ ಏನು ಮಾಡುತ್ತಿದೆ? ಅನಿವಾಸಿ ಭಾರತೀಯ ಸಮಿತಿ ಇದೆ, ಅನಿವಾಸಿ ಕನ್ನಡಿಗರ ಕಾರ್ಡು ಅಂತಲೂ ಒಂದಿದೆ. ಪಕ್ಕದ ಕೇರಳ 1996ರಲ್ಲೇ ಇದಕ್ಕೆ ಒಂದು ಇಲಾಖೆ ಮಾಡಿತು, ನೋರ್ಕಾ. ರೂವಿಯಲ್ಲಿ ಮಲಯಾಳಿ ಹುಡುಗನಿಗೆ ಕಾಗದದ ತೊಂದರೆ ಆದರೆ ಅವನ ಬಾಯಲ್ಲಿ ಮೊದಲು ಬರುವ ಹೆಸರು ಅದು. ನಮ್ಮ ಹುಡುಗನೂ ಅವನನ್ನೇ ಕೇಳುತ್ತಾನೆ, ‘ನಿಮ್ಮ ನೋರ್ಕಾದವರ ನಂಬರ್ ಇದೆಯಾ?’ ಅಂತ. ಇಲಾಖೆ ಬೇಕು ಅಂತ ಗಲ್ಫ್ ಕನ್ನಡಿಗರು ಕೇಳುತ್ತಾ ಬಂದು ಎಷ್ಟೋ ವರ್ಷ ಆಯಿತು.

ಅಲ್ಲಿಯವರೆಗೆ ನಾವು ಮಾಡಬಹುದಾದದ್ದೂ ಇದೆ. ಮಸ್ಕತ್ತಿನ ಇಂಡಿಯನ್ ಸ್ಕೂಲುಗಳಲ್ಲಿ ಅರಬ್ಬಿ ಕಲಿಸುತ್ತಾರೆ. ನಾವು ಮಾರ್ಕಿಗಾಗಿ ಕಲಿತದ್ದು, ನಿಜ. ಆದರೂ ‘ನನ್ನ ಕಾರ್ಡು ಇಂಥ ದಿನ ಕಳೆದಿದೆ, ಮಾಲೀಕರಿಗೆ ಇಂಥ ದಿನ ತಿಳಿಸಿದ್ದೇನೆ, ಸೀಲು ಸಿಕ್ಕಿಲ್ಲ’ ಅಂತ ತಾರೀಖು ಹಾಕಿ ಬರೆಯುವಷ್ಟು ಬರುತ್ತದೆ. ಆ ಕಾಗದಕ್ಕೆ ಬೆಲೆ ಇದೆ. ನಾಳೆ ಯಾರಾದರೂ ‘ಇವನು ಓಡಿಹೋಗಿದ್ದಾನೆ’ ಅಂತ ಕಂಪ್ಲೇಂಟ್ ಕೊಟ್ಟರೆ, ಕಾರ್ಮಿಕ ಸಚಿವಾಲಯದಲ್ಲಾಗಲಿ ರಾಯಭಾರ ಕಚೇರಿಯ ಓಪನ್ ಹೌಸಿನಲ್ಲಾಗಲಿ ತೋರಿಸುವುದಕ್ಕೆ ಕೈಯಲ್ಲಿ ಒಂದು ತಾರೀಖು ಇರುತ್ತದೆ. ಬೇಸಿಗೆ ರಜೆಯಲ್ಲಿ ಮಸ್ಕತ್ತಿಗೆ ಹೋಗುವಾಗ ನಾವು ಮೂವರು ಶುಕ್ರವಾರಗಳಲ್ಲಿ ಹಮ್ರಿಯಾದ ಕಡೆ ಕೂತು ಇದನ್ನು ಬರೆದುಕೊಡುವುದು ಅಂತ ಮಾಡಿದ್ದೇವೆ. ಅರಬ್ಬಿ ಬರುವವರು ಇನ್ನಿಬ್ಬರು ಸೇರಿದರೆ ವಾದಿ ಕಬೀರಿಗೂ ಹೋಗಬಹುದು. ಮಾದರಿ ಕಾಗದವನ್ನು, ಪಕ್ಕದಲ್ಲಿ ಕನ್ನಡ ಅರ್ಥ ಬರೆದು, ಸಂಘದ ವಾಟ್ಸಾಪ್ ಗುಂಪಿನಲ್ಲಿ ಹಾಕಿದ್ದೇವೆ.

ನಿಮ್ಮ ಮಾವನೋ ಚಿಕ್ಕಪ್ಪನೋ ಗಲ್ಫಿನಲ್ಲಿದ್ದರೆ ಈ ವಾರ ಒಂದು ಫೋನ್ ಮಾಡಿ. ಕಾರ್ಡಿನ ಎರಡೂ ಬದಿಯ ಫೋಟೊ, ಪಾಸ್‌ಪೋರ್ಟಿನ ಮೊದಲ ಪುಟ, ಕೆಲಸದ ಕರಾರು, ಕಂಪನಿಯ ಸರಿಯಾದ ಹೆಸರು ಇಷ್ಟನ್ನೂ ಊರಿನಲ್ಲಿ ಒಬ್ಬರ ಹತ್ತಿರ, ನಿಮ್ಮ ಹತ್ತಿರವೂ ಇರಿಸಿ. ಕಾರ್ಡು ಅವರ ಜೇಬಿನಲ್ಲೇ ಇದೆಯಾ, ಕಂಪನಿಯ ಡ್ರಾಯರಿನಲ್ಲಿದೆಯಾ ಅಂತಲೂ ಕೇಳಿ. ಶುಕ್ರವಾರ ಅಲ್ಲಿ ಮಧ್ಯಾಹ್ನ ಅಂಗಡಿ ಮುಚ್ಚಿ, ಊಟ ಮುಗಿಸಿ ರೂಮಿನಲ್ಲಿ ಮಲಗಿರುತ್ತಾರೆ. ಬೇಸಿಗೆಯಲ್ಲಾದರೆ ಪೂರ್ವ ಕರಾವಳಿಯಲ್ಲಿರುವ ನಮಗೆ ಅದು ಬೆಳಿಗ್ಗೆ ಏಳು ಗಂಟೆ.